ಹಾಡಿದವಳ ಖಾತೆ

ಜಾನಪದದ ಸಭೆ ಬೆಂಗಳೂರಿನಲ್ಲಿ ನಡೆಯಲಿ, ಪುಣೆಯಲ್ಲಿ ನಡೆಯಲಿ, ಒಂದು ಮಾತು ಮಾತ್ರ ತಪ್ಪದೆ ಬರುತ್ತದೆ. ‘ಈ ಹಾಡುಗಳನ್ನು ಕಟ್ಟಿದವರು ಯಾರೋ ತಿಳಿಯದು, ಅವರು ಹೆಸರಿಗೆ ಆಸೆ ಪಟ್ಟವರಲ್ಲ, ಇವು ಇಡೀ ಸಮುದಾಯದ ಸೊತ್ತು.’ ಈ ಮಾತಿಗೆ ಚಪ್ಪಾಳೆ ಬೀಳುತ್ತದೆ. ಕೇಳಲಿಕ್ಕೆ ಹಿತವಾದ ಮಾತೇ. ಆದರೆ ಮೂವತ್ತೇಳು ವರ್ಷ ಬ್ಯಾಂಕಿನಲ್ಲಿ ಲೆಕ್ಕ ನೋಡಿದ ನನಗೆ ಇದರಲ್ಲಿ ಒಂದು ತೊಡಕು ಕಾಣುತ್ತದೆ. ‘ಯಾರದೆಂದು ತಿಳಿಯದು’ ಎನ್ನುವುದು ಒಂದು, ‘ಯಾರದೆಂದು ನಾವು ಕೇಳಲಿಲ್ಲ’ ಎನ್ನುವುದು ಇನ್ನೊಂದು. ನಮ್ಮ ಮೌಖಿಕ ಪರಂಪರೆಯ ಅಧ್ಯಯನದಲ್ಲಿ ಈ ಎರಡೂ ಬಹಳ ಕಾಲ ಒಂದೇ ಕಂಬಳಿ ಹೊದ್ದು ಮಲಗಿಬಿಟ್ಟಿವೆ ಅಂತ ನನಗೆ ಅನಿಸಿದೆ. ಈ ಲೇಖನ ಅದರ ಬಗ್ಗೆ.

ನಾನು ಜಾನಪದ ಓದಿದವನಲ್ಲ, ಓದಿದ್ದು ಎಂ.ಕಾಂ. ಊರು ವಿಜಯಪುರ ಜಿಲ್ಲೆಯ ಇಂಡಿ ಕಡೆ. 1981ರಲ್ಲಿ ಬ್ಯಾಂಕು ಸೇರಿ, ಊರೂರು ತಿರುಗಿ, 1996ರಲ್ಲಿ ಪುಣೆಗೆ ವರ್ಗವಾಗಿ ಬಂದು, ಇಲ್ಲೇ 2018ರಲ್ಲಿ ನಿವೃತ್ತನಾದೆ. ಮಕ್ಕಳ ಸಂಸಾರ ಇಲ್ಲೇ ಬೇರು ಬಿಟ್ಟಿದ್ದರಿಂದ ನಾವೂ ಉಳಿದೆವು. ಹೊರನಾಡಿನಲ್ಲಿ ಇರುವವನಿಗೆ ಒಂದು ಅನುಕೂಲ ಇದೆ. ತನ್ನ ಮನೆಯ ಪದಾರ್ಥವನ್ನು ನೆರೆಮನೆಯವರು ಹೇಗೆ ಇಟ್ಟುಕೊಂಡಿದ್ದಾರೆ ಎಂದು ನೋಡುವ ಅವಕಾಶ ಸಿಗುತ್ತದೆ. ನನಗೆ ಸಿಕ್ಕ ಆ ಪದಾರ್ಥ ಬೀಸುವ ಕಲ್ಲಿನ ಹಾಡು.

ಕನ್ನಡದಲ್ಲಿ ಬೀಸುಕಲ್ಲಿನ ಹಾಡು ಎಂದ ಕೂಡಲೆ ನೆನಪಾಗುವುದು ‘ಗರತಿಯ ಹಾಡು.’ ಹಲಸಂಗಿ ಗೆಳೆಯರು 1931ರಲ್ಲಿ ಇದನ್ನು ಹೊರತಂದರು. ಮಧುರಚೆನ್ನ, ಸಿಂಪಿ ಲಿಂಗಣ್ಣ, ಕಾಪಸೆ ರೇವಪ್ಪ, ಧೂಲಾಸಾಹೇಬ ಇವರೆಲ್ಲ ಆ ಬಳಗದವರು. ಹಲಸಂಗಿ ನಮ್ಮ ಸೀಮೆಯ ಊರೇ. ಹೀಗಾಗಿ ಈ ಪುಸ್ತಕದ ಬಗ್ಗೆ ನನಗೆ ಅಭಿಮಾನವೂ ಒಂದು ಗುಂಜಿ ಹೆಚ್ಚು. ಆಗಿನ್ನೂ ನಮ್ಮ ಭಾಗ ಮುಂಬಯಿ ಪ್ರಾಂತದಲ್ಲಿತ್ತು. ಓದು ಕಲಿತವರು ಹಳ್ಳಿ ಹೆಂಗಸರ ಹಾಡನ್ನು ಕಿವಿಗೆ ಹಾಕಿಕೊಳ್ಳುವ ಕಾಲ ಅದಲ್ಲ. ಅಂಥ ಕಾಲದಲ್ಲಿ ಈ ಗೆಳೆಯರು ನಮ್ಮ ಅವ್ವಂದಿರು ಹಾಡುವ ತ್ರಿಪದಿ ಕಾವ್ಯವೇ ಹೌದು ಎಂದು ತೋರಿಸಿಕೊಟ್ಟರು. ಬಾದಾಮಿಯ ಬಂಡೆಯ ಮೇಲಿನ ಕಪ್ಪೆ ಅರಭಟ್ಟನ ಶಾಸನದಲ್ಲಿ ಕಾಣುವ ಅದೇ ತ್ರಿಪದಿ, ಬೀಸುವ ಹೆಂಗಸಿನ ಬಾಯಲ್ಲಿ ಸಾವಿರದ ಇನ್ನೂರು ವರ್ಷಗಳಾಚೆಗೂ ಬದುಕಿತ್ತು. ಇದನ್ನು ಕನ್ನಡಕ್ಕೆ ಕಾಣಿಸಿದ ಉಪಕಾರ ಚಿಕ್ಕದಲ್ಲ.

ಆದರೆ ಉಪಕಾರವನ್ನು ಒಪ್ಪಿಕೊಂಡೇ ಕೆಲವು ಪ್ರಶ್ನೆ ಕೇಳಬಹುದು. ಮೊದಲನೆಯದು ಹೆಸರಿನದೇ. ‘ಗರತಿ’ ಅಂದರೆ ಕುಲೀನ ಗೃಹಿಣಿ. ಈ ಹೆಸರು ಇಟ್ಟ ಕೂಡಲೆ ಹಾಡುವವಳ ನಡತೆಗೆ ಒಂದು ಪ್ರಮಾಣಪತ್ರ ಸಿಕ್ಕಿಬಿಡುತ್ತದೆ. ಆಗಿನ ಓದುಗರನ್ನು ಒಲಿಸಲಿಕ್ಕೆ ಅದು ಬೇಕಾಗಿತ್ತೇನೋ. ಆದರೆ ಬೀಸುವ ಕಲ್ಲಿನ ಮುಂದೆ ಗರತಿಯೂ ಕೂಡುತ್ತಿದ್ದಳು, ಗಂಡ ಬಿಟ್ಟವಳೂ ಕೂಡುತ್ತಿದ್ದಳು, ಕೂಲಿಗೆ ಬೀಸುವವಳೂ ಕೂಡುತ್ತಿದ್ದಳು. ತವರಿನ ಹಂಬಲ, ಅಣ್ಣನ ಬಡಿವಾರ, ಕೂಸಿನ ಚೆಲುವು ಇವುಗಳ ಜೊತೆಗೆ ಸಿಟ್ಟು, ಬೈಗುಳ, ಸವತಿಯ ಮೇಲಿನ ಶಾಪ, ದಣಿಯ ಮೇಲಿನ ಕಿಡಿ ಕೂಡ ಆ ಹಿಟ್ಟಿನಲ್ಲಿ ಬೀಳುತ್ತಿತ್ತು. ಇಂಥವನ್ನು ನಾನೇ ಹುಡುಗನಿದ್ದಾಗ ಕೇಳಿದ್ದೇನೆ. ಗರತಿಯ ಚೌಕಟ್ಟಿಗೆ ಇವು ಸುಲಭವಾಗಿ ಕೂಡುವುದಿಲ್ಲ. ಆಮೇಲೆ ಬಂದ ಎಷ್ಟೋ ಸಂಗ್ರಹಗಳೂ ಇದೇ ಚೌಕಟ್ಟನ್ನು ಮುಂದುವರಿಸಿದವು.

ಎರಡನೆಯದು ಜೋಡಣೆಯದು. ನಮ್ಮ ತ್ರಿಪದಿ ಸಂಗ್ರಹಗಳಲ್ಲಿ ಹಾಡುಗಳನ್ನು ವಿಷಯವಾರು ಇಡುವುದು ರೂಢಿ: ದೇವರು, ತವರು, ಅಣ್ಣ, ಕೂಸು, ಅತ್ತೆಮನೆ, ಹೀಗೆ. ಓದುವವರಿಗೆ ಇದು ಸುಲಭ. ಆದರೆ ಹಾಡುವವಳು ವಿಷಯವಾರು ಹಾಡುವುದಿಲ್ಲ. ಕೋಳಿ ಕೂಗುವ ಮೊದಲೇ ಎದ್ದು, ಎದುರುಬದುರು ಕೂತು, ಒಂದೇ ಗೂಟಕ್ಕೆ ಇಬ್ಬರು ಕೈ ಹಾಕಿ ತಿರುಗಿಸುವಾಗ ಮೊದಲು ಕಲ್ಲಿಗೆ, ದೇವರಿಗೆ ಒಂದು ನುಡಿ. ಆಮೇಲೆ ಹಿಂದಿನ ದಿನ ಮನೆಯಲ್ಲಿ ನಡೆದದ್ದು, ಊರಲ್ಲಿ ಕೇಳಿದ್ದು, ಮನಸ್ಸಿನಲ್ಲಿ ಕೊರೆಯುವುದು ಒಂದೊಂದಾಗಿ ಬರುತ್ತದೆ. ಒಬ್ಬಳು ಒಂದು ನುಡಿ ಹಾಡಿದರೆ ಇನ್ನೊಬ್ಬಳು ಅದಕ್ಕೆ ಉತ್ತರ ಕೊಡುತ್ತಾಳೆ. ಗಂಡಸರು ಮಲಗಿರುತ್ತಾರೆ, ಅತ್ತೆಗೆ ಕೇಳಿಸಿದರೂ ಕಲ್ಲಿನ ಸಪ್ಪಳದಲ್ಲಿ ಪೂರ್ತಿ ಕೇಳಿಸದು. ಅತ್ತೆಯ ಎದುರು ಆಡಲಾರದ ಮಾತನ್ನು ಹಾಡಿನಲ್ಲಿ ಆಡಬಹುದಿತ್ತು. ಸಮಾಜದಲ್ಲಿ ಆ ಹಾಡು ಮಾಡುತ್ತಿದ್ದ ಕೆಲಸವೇ ಅದು. ಹಿಟ್ಟು ಮಾಡುವ ಕೆಲಸಕ್ಕೆ ಜೊತೆ ಕೊಡುತ್ತಲೇ ದೂರು ಹೇಳುವ ಕಟ್ಟೆಯೂ ಆಗಿತ್ತು. ವಿಷಯವಾರು ಜೋಡಿಸಿದಾಗ ಪದ್ಯ ಉಳಿಯುತ್ತದೆ, ದೂರು ಯಾರದು, ಯಾರ ಮೇಲೆ ಎನ್ನುವುದು ಹೋಗುತ್ತದೆ.

ಇದರಿಂದ ಆಗುವ ನಷ್ಟ ಎಂಥದು ಎಂದು ನನಗೆ ತಿಳಿದದ್ದು ನಮ್ಮ ದೊಡ್ಡವ್ವನಿಂದ. ನಾನು ಬ್ಯಾಂಕು ಸೇರಿದ ಹೊಸತರಲ್ಲಿ ಒಂದು ಸಂಸ್ಥೆಯ ಕಡೆಯಿಂದ ಇಬ್ಬರು ಯುವಕರು ಟೇಪ್ ರೆಕಾರ್ಡರ್ ಹಿಡಿದುಕೊಂಡು ನಮ್ಮೂರಿಗೆ ಬಂದಿದ್ದರು. ಊರ ಗೌಡರ ಮನೆಯಲ್ಲಿ ಇಳಿದುಕೊಂಡರು. ಎರಡು ರಾತ್ರಿ ಹಾಡುಗಾರಿಕೆ ಆಯಿತು. ಐದಾರು ಹೆಂಗಸರು ಸೇರಿದ್ದರೂ ಹೆಚ್ಚು ಹಾಡಿದವಳು ದೊಡ್ಡವ್ವನೇ. ಆಕೆಯ ಬಾಯಲ್ಲಿ ಹಾಡು ಮುಗಿಯುತ್ತಿರಲಿಲ್ಲ. ಎರಡು ಮೂರು ವರ್ಷದ ಮೇಲೆ ಪುಸ್ತಕ ಬಂತು. ಹಿಂದಿನ ಪುಟದಲ್ಲಿ ಹಾಡಿದವರ ಪಟ್ಟಿ. ನಮ್ಮೂರಿನ ಎದುರಿಗೆ ಗೌಡಶಾನಿಯವರ ಹೆಸರು ಹಾಕಿ ‘ಮತ್ತು ಇತರರು’ ಎಂದು ಇತ್ತು. ಗೌಡಶಾನಿಯವರು ಮನೆಯ ಪಡಸಾಲೆ ಕೊಟ್ಟಿದ್ದರು, ಚಹಾ ಮಾಡಿಸಿದ್ದರು. ಹಾಡಿದ್ದು ಮಾತ್ರ ಇತರರು.

ರಜೆಗೆ ಹೋದಾಗ ಪುಸ್ತಕ ತೆಗೆದುಕೊಂಡು ಹೋಗಿ ಓದಿ ಹೇಳಿದೆ. ಹೆಸರು ಇಲ್ಲದ್ದಕ್ಕೆ ದೊಡ್ಡವ್ವ ಏನೂ ಬೇಜಾರು ಮಾಡಿಕೊಳ್ಳಲಿಲ್ಲ. ನಕ್ಕಳು. ‘ಹಾಡು ನಂದೇನಪಾ? ನಮ್ಮತ್ತಿ ಹಾಡತಿದ್ಲು. ಅಕಿಗೆ ಅಕಿ ಅತ್ತಿ ಕಲಿಸಿದ್ಲಂತ’ ಅಂದಳು. ಹಾಗಾದರೆ ಭಾಷಣಕಾರರ ಮಾತೇ ನಿಜವಾಯಿತಲ್ಲ ಎನ್ನಬೇಡಿ. ಓದುತ್ತ ಓದುತ್ತ ತೊಟ್ಟಿಲ ಹಾಡುಗಳ ಭಾಗಕ್ಕೆ ಬಂದೆ. ಒಂದು ನುಡಿ ಓದಿದಾಗ ಆಕೆ ಕೈ ಎತ್ತಿ ತಡೆದಳು. ‘ಇದು ನಂದು. ಇದನ್ನ ನಾ ಕಟ್ಟೀನಿ. ಹೆಸರು ಯಾಕ ತಗದಾರ?’

1972ರ ಬರದಲ್ಲಿ ಆಕೆಯ ನಾಲ್ಕು ವರ್ಷದ ಮಗ ಜ್ವರ ಬಂದು ತೀರಿಕೊಂಡಿದ್ದ. ಅವನ ಮೇಲೆ ಕಟ್ಟಿದ ನುಡಿ ಅದು. ಹಾಡುವಾಗ ಆಕೆ ಅವನ ಹೆಸರು ಹಿಡಿದೇ ಹಾಡಿದ್ದಳು. ಪುಸ್ತಕದಲ್ಲಿ ಆ ಹೆಸರಿನ ಜಾಗಕ್ಕೆ ‘ಕಂದಯ್ಯ’ ಬಂದಿತ್ತು. ಹೆಸರು ಹೋದ ಮೇಲೆ ನುಡಿಯ ಅರ್ಥವೂ ಹೊರಳಿತ್ತು. ಸತ್ತ ಮಗನ ಮೇಲಿನ ಅಳಲು ತೊಟ್ಟಿಲ ಕೂಸಿನ ಮುದ್ದಾಗಿ, ಮುದ್ದಿನ ಹಾಡುಗಳ ಸಾಲಿನಲ್ಲಿ ಕೂತಿತ್ತು. ಸಂಪಾದಕರು ಕೆಟ್ಟ ಮನಸ್ಸಿನಿಂದ ಮಾಡಿದ್ದಲ್ಲ. ಜಾನಪದ ಅಂದರೆ ಎಲ್ಲರದು, ಒಬ್ಬರ ಹೆಸರು ಅದರೊಳಗೆ ಇರಬಾರದು ಎಂದು ಅವರಿಗೆ ಯಾರೋ ಕಲಿಸಿದ್ದರು. ಅವರ ಸಿದ್ಧಾಂತಕ್ಕೆ ತಕ್ಕಂತೆ ಅವರು ಸಂಪಾದಿಸಿದರು. ದೊಡ್ಡವ್ವ ಮತ್ತೆ ಆ ಪುಸ್ತಕದ ಸುದ್ದಿ ಎತ್ತಲಿಲ್ಲ.

ಈ ಒಂದು ನುಡಿಯಿಂದ ನನಗೆ ಎರಡು ಸಂಗತಿ ಸ್ಪಷ್ಟವಾದವು. ಪರಂಪರೆಯಿಂದ ಬಂದ ಹಾಡು ಯಾವುದು, ತಾನು ಕಟ್ಟಿದ್ದು ಯಾವುದು ಎಂಬ ಲೆಕ್ಕ ಹಾಡುವವಳ ಹತ್ತಿರ ಪಕ್ಕಾ ಇರುತ್ತದೆ. ಅವಳು ಅದನ್ನು ಬರೆದಿಟ್ಟಿಲ್ಲ, ಅಷ್ಟೇ. ಇನ್ನು, ತ್ರಿಪದಿಯ ಅಚ್ಚಿನಲ್ಲಿ ಹೆಸರಿಗೆ ಒಂದು ಜಾಗ ಇದ್ದೇ ಇರುತ್ತದೆ. ಅಣ್ಣನ ಹೆಸರು, ಮಗನ ಹೆಸರು, ತವರೂರಿನ ಹೆಸರು ಅಲ್ಲಿ ಕೂಡುತ್ತವೆ. ಹತ್ತು ಮಂದಿ ಹೆಂಗಸರು ಹಾಡುವ ಒಂದೇ ನುಡಿ ಆ ಒಂದು ಹೆಸರಿನಿಂದ ಹತ್ತು ಮನೆಯ ನುಡಿಯಾಗುತ್ತದೆ. ಸಮುದಾಯದ ಸೊತ್ತು ವ್ಯಕ್ತಿಯ ಸ್ವಂತದ್ದಾಗುವ ಬಾಗಿಲೇ ಅದು. ಸಂಗ್ರಹಕಾರರು ಮುಚ್ಚುವುದು ಆ ಬಾಗಿಲನ್ನೇ.

ಪುಣೆಗೆ ಬಂದ ಮೇಲೆ ಇಲ್ಲಿಯ ಮರಾಠಿ ಗೆಳೆಯರ ಮೂಲಕ ಇಂಥದೇ ಇನ್ನೊಂದು ಕೆಲಸದ ಪರಿಚಯವಾಯಿತು. ಮರಾಠಿಯಲ್ಲಿ ಬೀಸುವ ಕಲ್ಲಿಗೆ ‘ಜಾತೆ’ ಅನ್ನುತ್ತಾರೆ, ಅದರ ಮುಂದೆ ಹಾಡುವ ನುಡಿಗೆ ‘ಓವಿ.’ ಇದರ ಸಂಬಂಧ ನಮಗೆ ಹೊಸದಲ್ಲ. ಮಹಾರಾಷ್ಟ್ರದ ಹೆಂಗಸರು ಕುಟ್ಟುವಾಗ ಓವಿ ಹಾಡುತ್ತಾರೆ ಎಂದು ಹನ್ನೆರಡನೆಯ ಶತಮಾನದಲ್ಲೇ ಬರೆದಿಟ್ಟವನು ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ, ತನ್ನ ‘ಮಾನಸೋಲ್ಲಾಸ’ದಲ್ಲಿ. ಕನ್ನಡ ನೆಲದಲ್ಲಿ ಕೂತ ಅರಸ ಸಂಸ್ಕೃತದಲ್ಲಿ ಬರೆದ ಪುಸ್ತಕ ಮರಾಠಿ ಹೆಂಗಸರ ಹಾಡಿಗೆ ಹಳೆಯ ಸಾಕ್ಷಿಯಾಗಿದೆ. ಸೊಲ್ಲಾಪುರ, ಅಕ್ಕಲಕೋಟೆ, ಜತ್ತದ ಕಡೆ ಎರಡೂ ಭಾಷೆಯಲ್ಲಿ ಬೀಸುವ ಹೆಂಗಸರು ಇದ್ದರು. ನಮ್ಮ ಕಡೆಯ ಹಾಡಿನಲ್ಲಿ ಶ್ರೀಶೈಲದ ಮಲ್ಲಯ್ಯನ ಜೊತೆ ಪಂಢರಪುರದ ವಿಠ್ಠಲನೂ ಬರುತ್ತಾನೆ.

ಪುಣೆಯಲ್ಲಿ ನೆಲೆಸಿದ್ದ ಫ್ರೆಂಚ್ ವಿದ್ವಾಂಸ ಗೀ ಪೊಯ್ತ್‌ವಾಂ ಮತ್ತು ಮರಾಠಿಯ ಹೇಮಾ ರಾಯರಕರ್ ಇವರು 1980ರ ದಶಕದಿಂದ ಈ ಓವಿಗಳನ್ನು ಸಂಗ್ರಹಿಸಲು ತೊಡಗಿದರು. ಅವರು ಬಂದದ್ದು ಜಾನಪದದ ಬಾಗಿಲಿನಿಂದಲ್ಲ. ಪುಣೆಯ ಪಶ್ಚಿಮಕ್ಕಿರುವ ಮುಳಶಿ, ಮಾವಳದ ಗುಡ್ಡಗಾಡಿನ ಬಡವರ ಸಂಘಟನೆಯಲ್ಲಿ ಕೆಲಸ ಮಾಡುತ್ತಿದ್ದವರು ಅವರು. ಹೆಂಗಸರ ಮನಸ್ಸಿನಲ್ಲಿ ಏನಿದೆ ಎಂದು ತಿಳಿಯಲು ಸಭೆಯಲ್ಲಿ ಪ್ರಶ್ನೆ ಕೇಳಿದರೆ ಸಾಲದು, ಅವರ ಹಾಡು ಕೇಳಬೇಕು ಎಂದು ಅವರಿಗೆ ಹೊಳೆಯಿತು. ಹಳ್ಳಿಯ ಹೆಂಗಸರನ್ನೇ ಕೂಡಿಸಿ, ಅವರ ಹಾಡಿನ ಅರ್ಥವನ್ನು ಅವರಿಂದಲೇ ಚರ್ಚೆ ಮಾಡಿಸಿದರು. ಮಹಾರಾಷ್ಟ್ರದ ಸಾವಿರಕ್ಕೂ ಹೆಚ್ಚು ಹಳ್ಳಿಗಳಿಂದ ಒಂದು ಲಕ್ಷಕ್ಕೂ ಮೀರಿ ಓವಿಗಳು ಕೂಡಿದವು. ಬರ್ನಾರ್ ಬೆಲ್ ಎಂಬ ಕಂಪ್ಯೂಟರ್ ತಜ್ಞರು 1990ರ ದಶಕದಲ್ಲಿ ಕೈ ಜೋಡಿಸಿ ಧ್ವನಿಮುದ್ರಣ ಮಾಡಿದರು, ಎಲ್ಲವನ್ನೂ ಕಂಪ್ಯೂಟರಿನಲ್ಲಿ ಕೂಡುವಂತೆ ಮಾಡಿದರು. ಪೊಯ್ತ್‌ವಾಂ 2004ರಲ್ಲಿ, ಹೇಮಾತಾಯಿ 2010ರಲ್ಲಿ ತೀರಿಕೊಂಡರು. 2017ರಿಂದ ಈ ಹಾಡುಗಳು ಪತ್ರಕರ್ತ ಪಿ. ಸಾಯಿನಾಥ್ ಕಟ್ಟಿದ ಗ್ರಾಮೀಣ ಭಾರತದ ದಾಖಲೆ ಭಂಡಾರ ‘ಪರಿ’ಯಲ್ಲಿ ಪ್ರಕಟವಾಗತೊಡಗಿದವು.

ಇವರ ಕೆಲಸದಲ್ಲಿ ನನ್ನ ಗಮನ ಸೆಳೆದದ್ದು ಲಕ್ಷದ ಲೆಕ್ಕವಲ್ಲ. ಹಾಡಿನ ಜೊತೆಗೆ ಹಾಡಿದವಳ ಹೆಸರು, ಹಳ್ಳಿ, ತಾಲೂಕು, ಜಿಲ್ಲೆ ಎಲ್ಲ ನಮೂದಾಗಿರುವುದು. ಮೂರು ಸಾವಿರಕ್ಕೂ ಮಿಕ್ಕಿದ ಗಾಯಕಿಯರು ಹೀಗೆ ದಾಖಲೆಯಲ್ಲಿದ್ದಾರೆ. ಅಲ್ಲಿ ‘ಇತರರು’ ಎಂಬ ಖಾತೆ ಇಲ್ಲ. ಇದರ ಫಲ ಏನು ಅಂದರೆ, ಒಬ್ಬ ಹೆಣ್ಣುಮಗಳು ಹಾಡಿದ ಅಷ್ಟೂ ನುಡಿಗಳನ್ನು ಒಟ್ಟಿಗೆ ತೆಗೆದು ಓದಬಹುದು. ಆಗ ಅಲ್ಲಿ ಜನಪದ ಎಂಬ ಮುಖವಿಲ್ಲದ ಜಾತ್ರೆ ಕಾಣುವುದಿಲ್ಲ, ಒಬ್ಬಳ ಬಾಳು ಕಾಣುತ್ತದೆ. ಬೀಡ್ ಜಿಲ್ಲೆಯ ಮಾಜಲಗಾಂವದಲ್ಲಿ 1996ರಲ್ಲಿ ದಲಿತ ಹೆಂಗಸರು ಹಾಡಿದ ಅಂಬೇಡ್ಕರರ ಓವಿಗಳನ್ನು ಗಮನಿಸಿ. ಅಚ್ಚು ಹಳೆಯದು. ಮೊದಲ ಓವಿ ಯಾರಿಗೆ, ಎರಡನೆಯದು ಯಾರಿಗೆ ಎಂದು ದೇವರಿಗೆ ಹಂಚುವ ಕ್ರಮವೂ ಹಳೆಯದೇ. ಆದರೆ ದೇವರ ಜಾಗಕ್ಕೆ ಬುದ್ಧ, ಭೀಮರಾಯರು ಬಂದಿದ್ದಾರೆ. ಹಾಡಿದವರು ಯಾವ ಕೇರಿಯವರು ಎಂಬುದು ಗೊತ್ತಿಲ್ಲದೆ ಇದ್ದರೆ ಈ ಬದಲಾವಣೆ ಎಲ್ಲಿಂದ, ಯಾಕೆ ಬಂತು ಎಂದು ಹೇಳುವುದು ಹೇಗೆ? ಮೌಖಿಕ ಪರಂಪರೆ ಅಂದರೆ ಅಜ್ಜಿಯಿಂದ ಬಂದದ್ದನ್ನು ಹಾಗೇ ಒಪ್ಪಿಸುವುದು ಅಂತ ತಿಳಿದವರು ಇದನ್ನು ನೋಡಬೇಕು. ಓದು ಬರಹ ಇಲ್ಲದವರು ತಮ್ಮ ಇತಿಹಾಸವನ್ನು ತಾವೇ ತಿದ್ದಿ ಬರೆದುಕೊಂಡದ್ದು ಇಲ್ಲಿದೆ.

ಪುಣೆಯ ಕೆಲಸದಲ್ಲಿ ಕೊರತೆ ಇಲ್ಲವೆಂದಲ್ಲ. ಲಕ್ಷ ಓವಿಗಳನ್ನು ಎರಡೆರಡು ಸಾಲಿನ ತುಣುಕಾಗಿ ವಿಂಗಡಿಸಿದಾಗ, ಒಂದು ಬೆಳಗಿನ ಜಾವದ ಹಾಡು ಯಾವ ಕ್ರಮದಲ್ಲಿ ಹರಿಯಿತು ಎನ್ನುವುದು ಅಲ್ಲೂ ಮಸುಕಾಗುತ್ತದೆ. ಹೆಚ್ಚಿನವು ಕೈಯಲ್ಲಿ ಬರೆದುಕೊಂಡವು. ಧ್ವನಿ ಉಳಿದಿರುವುದು ಸ್ವಲ್ಪಕ್ಕೆ ಮಾತ್ರ. ಸಂಘಟನೆಯ ಕಾರ್ಯಕರ್ತರು ಕೇಳಿದಾಗ ಸಂಘಟನೆಗೆ ಒಪ್ಪುವ ಹಾಡು ಮೊದಲು ಬಾಯಿಗೆ ಬರುವುದೂ ಸಹಜ. ನಮ್ಮವರಿಗೆ ‘ಗರತಿ’ ಒಂದು ಚೌಕಟ್ಟಾದ ಹಾಗೆ ಅವರಿಗೆ ‘ಶ್ರಮಜೀವಿ ಮಹಿಳೆ’ ಒಂದು ಚೌಕಟ್ಟಾಗಿರಬಹುದು. ಆದರೆ ಒಂದು ವ್ಯತ್ಯಾಸ ಇದೆ. ಅವರ ಚೌಕಟ್ಟು ತಪ್ಪು ಅನಿಸಿದರೆ ಅದನ್ನು ಒಡೆದು ಬೇರೆ ರೀತಿ ಜೋಡಿಸಿ ನೋಡಲು ಬೇಕಾದ ಮೂಲ ವಿವರ ಅವರೇ ಇಟ್ಟು ಹೋಗಿದ್ದಾರೆ. ಹೆಸರು ಅಳಿಸಿದ ಸಂಗ್ರಹದಲ್ಲಿ ಆ ದಾರಿ ಮುಚ್ಚಿದೆ.

ನಾನು ಹೇಳುತ್ತಿರುವುದು ಹೊಸ ಮಾತೇನಲ್ಲ. ಆಫ್ರಿಕದ ಮೌಖಿಕ ಇತಿಹಾಸವನ್ನು ಅಧ್ಯಯನ ಮಾಡಿದ ಬೆಲ್ಜಿಯಂ ಮೂಲದ ವಿದ್ವಾಂಸ ಯಾನ್ ವಾನ್ಸಿನಾ 1961ರಷ್ಟು ಹಿಂದೆಯೇ ಬಾಯಿಮಾತಿನ ಪರಂಪರೆಯನ್ನು ಇತಿಹಾಸದ ಸಾಕ್ಷಿಯಾಗಿ ಒಪ್ಪಬಹುದು ಎಂದು ವಾದಿಸಿದರು. ಆದರೆ ಸಾಕ್ಷಿ ಹೇಳುವವನು ಯಾರು, ಯಾರಿಂದ ಕೇಳಿದ, ಅವನಿಗೆ ಹೇಳಿದವನು ಯಾರಿಂದ ಕೇಳಿದ್ದ ಎಂಬ ಸರಪಳಿಯನ್ನು ಪರಿಶೀಲಿಸಬೇಕು ಎಂದರು. ಬ್ಯಾಂಕಿನವರಿಗೆ ಇದು ಬಿಡಿಸಿ ಹೇಳಬೇಕಾದ ಮಾತಲ್ಲ. ಮನೆ ಅಡವಿಟ್ಟುಕೊಂಡು ಸಾಲ ಕೊಡುವಾಗ ಈಗಿನ ಮಾಲೀಕನ ಕಾಗದ ಒಂದೇ ಸಾಲದು. ಅವನಿಗೆ ಮಾರಿದವನು ಯಾರು, ಅವನಿಗೆ ಹೇಗೆ ಬಂತು ಎಂದು ಹಿಂದಿನ ಪತ್ರಗಳನ್ನೆಲ್ಲ ವಕೀಲರಿಂದ ತನಿಖೆ ಮಾಡಿಸುತ್ತೇವೆ. ನಡುವೆ ಒಂದು ಕೊಂಡಿ ಕಳಚಿದ್ದರೆ ಸಾಲ ನಿಲ್ಲುತ್ತದೆ. ‘ಹಾಡು ನಮ್ಮತ್ತೀದು, ಅಕಿಗೆ ಅಕಿ ಅತ್ತಿ ಕಲಿಸಿದ್ಲು’ ಎಂದಳಲ್ಲ ದೊಡ್ಡವ್ವ, ಅದೇ ಆ ಸರಪಳಿ. ಆಕೆ ತಾನಾಗಿ ಮೂರು ತಲೆಮಾರಿನ ಮೂಲಪತ್ರ ಹೇಳುತ್ತಿದ್ದಳು. ಬರೆದುಕೊಳ್ಳುವವರು ಇರಲಿಲ್ಲ.

ಹೆಸರು ಹಿಡಿದು ಮಾಡಿದ ಅಧ್ಯಯನಗಳು ಎಷ್ಟು ದೂರ ಹೋಗಬಲ್ಲವು ಎನ್ನುವುದಕ್ಕೆ ನಮ್ಮ ನಾಡಿನಲ್ಲೇ ಉದಾಹರಣೆ ಇದೆ. ಫಿನ್ಲೆಂಡಿನ ಲೌರಿ ಹೋಂಕೊ ನಮ್ಮ ವಿದ್ವಾಂಸರಾದ ಬಿ. ಎ. ವಿವೇಕ ರೈ ಮತ್ತು ಕೆ. ಚಿನ್ನಪ್ಪ ಗೌಡರ ಜೊತೆ ಸೇರಿ ತುಳುನಾಡಿನ ಸಿರಿ ಮಹಾಕಾವ್ಯವನ್ನು 1990ರ ಡಿಸೆಂಬರಿನಲ್ಲಿ ದಾಖಲಿಸಿದರು. 1998ರಲ್ಲಿ ಅದು ಪ್ರಕಟವಾಯಿತು. 15,683 ಸಾಲು, ಹೆಚ್ಚು ಕಡಿಮೆ ಗ್ರೀಕರ ಇಲಿಯಡ್‌ನಷ್ಟು ಉದ್ದ. ‘ಸಿರಿ ಸಂಧಿ’ ತುಳುವರದು, ಸರಿ. ಆದರೆ ಈ ಪಾಠ ಬೆಳ್ತಂಗಡಿ ಸೀಮೆಯ ಗೋಪಾಲ ನಾಯ್ಕರದು ಎಂಬುದನ್ನು ಆ ಗ್ರಂಥ ಮರೆಸುವುದಿಲ್ಲ. ಅವರು ಹೇಗೆ ಕಲಿತರು, ಯಾವಾಗ ಹಿಗ್ಗಿಸುತ್ತಾರೆ, ಯಾವಾಗ ಕುಗ್ಗಿಸುತ್ತಾರೆ ಎಂಬುದೇ ಅಲ್ಲಿ ಅಧ್ಯಯನದ ವಸ್ತು. ಅದಕ್ಕೂ ಹಿಂದೆ ಮಿಲ್ಮನ್ ಪ್ಯಾರಿ ಮತ್ತು ಆಲ್ಬರ್ಟ್ ಲಾರ್ಡ್ 1930ರ ದಶಕದಲ್ಲಿ ಯುಗೊಸ್ಲಾವಿಯಾದ ಹಾಡುಗಾರರನ್ನು ಒಬ್ಬೊಬ್ಬರಾಗಿ ಕೂಡಿಸಿ ದಾಖಲಿಸಿದ್ದರಿಂದಲೇ, ಸಿದ್ಧ ನುಡಿಗಟ್ಟುಗಳ ಬಲದಿಂದ ಹಾಡುಗಾರ ಪ್ರತಿ ಸಲವೂ ಕಾವ್ಯವನ್ನು ಹೊಸದಾಗಿ ಕಟ್ಟುತ್ತಾನೆ ಎಂಬುದು ಲೋಕಕ್ಕೆ ತಿಳಿಯಿತು.

ಕನ್ನಡದಲ್ಲಿ ಎಲ್ಲವೂ ‘ಇತರರು’ ಆಗಿಯೇ ಉಳಿದಿದೆ ಎಂದರೆ ಅನ್ಯಾಯವಾದೀತು. 1970ರ ದಶಕದಲ್ಲಿ ಮೈಸೂರು, ಧಾರವಾಡದ ವಿಶ್ವವಿದ್ಯಾಲಯಗಳಲ್ಲಿ ಜಾನಪದ ಒಂದು ಪಾಠವಿಷಯವಾಗಿ ಬಂದ ಮೇಲೆ ‘ವಕ್ತೃ’ಗಳ ವಿವರ ಕೊಡುವ ಶಿಸ್ತು ಬೆಳೆಯಿತು. ಹಂಪಿಯ ಕನ್ನಡ ವಿಶ್ವವಿದ್ಯಾಲಯ ಜನಪದ ಮಹಾಕಾವ್ಯಗಳನ್ನು ಹೊರತಂದಾಗ ಹಾಡಿದವರೂ ಬೆಳಕಿಗೆ ಬಂದರು. ಅಕ್ಷರ ಕಲಿಯದ ದರೋಜಿ ಈರಮ್ಮ ಬುರ್ರಕಥೆಯ ದೊಡ್ಡ ಕಲಾವಿದೆ ಎಂದು ನಾಡಿಗೆ ಗೊತ್ತಾದದ್ದು ಹೀಗೆ. ಅವರು 2014ರಲ್ಲಿ ತೀರಿಕೊಂಡರು. ಅಂಕೋಲೆಯ ಬಡಗೇರಿಯ ಹಾಲಕ್ಕಿ ಅಜ್ಜಿ ಸುಕ್ರಿ ಬೊಮ್ಮಗೌಡರಿಗೆ 2017ರಲ್ಲಿ ಪದ್ಮಶ್ರೀ ಬಂತು. ಹಾಡುವ ಆ ಅಜ್ಜಿಯೇ ಸಾರಾಯಿ ವಿರುದ್ಧದ ಹೋರಾಟದಲ್ಲಿ ಮುಂದೆ ನಿಂತವರು. ಅವರು ತೀರಿಕೊಂಡದ್ದು 2025ರ ಫೆಬ್ರವರಿಯಲ್ಲಿ. ಹೆಸರು ಗೊತ್ತಾದ್ದರಿಂದ ಇವರ ಹಾಡಿನ ಬೆಲೆ ಕಡಿಮೆಯಾಯಿತೇ? ಸಮುದಾಯದ ಹಾಡು ಎನ್ನುವುದಕ್ಕೆ ಧಕ್ಕೆ ಬಂತೇ? ಆದರೆ ಒಂದು ಸೂಕ್ಷ್ಮ ಗಮನಿಸಿ. ಮಹಾಕಾವ್ಯ ಹಾಡುವವರಿಗೆ, ಪ್ರಶಸ್ತಿ ಬಂದವರಿಗೆ ಹೆಸರು ಸಿಕ್ಕಿತು. ಮೂರು ಸಾಲಿನ ಬೀಸುಕಲ್ಲಿನ ನುಡಿ ಹಾಡಿದ ಸಾವಿರಾರು ಹೆಂಗಸರು ಪುಸ್ತಕದ ಕೊನೆಯ ಪಟ್ಟಿಯಲ್ಲಿ ಇದ್ದರೂ, ಯಾವ ನುಡಿ ಯಾರದು ಎಂಬ ಕೊಂಡಿ ಹೆಚ್ಚಾಗಿ ಇಲ್ಲ. ದೊಡ್ಡ ಠೇವಣಿದಾರನಿಗೆ ಕುರ್ಚಿ, ಸಣ್ಣ ಉಳಿತಾಯದವಳಿಗೆ ಸರತಿ ಸಾಲು.

ಇದಕ್ಕೆ ಬರುವ ಆಕ್ಷೇಪ ನನಗೆ ಗೊತ್ತು. ಹೆಸರು, ಹಕ್ಕು, ಒಡೆತನ ಇವೆಲ್ಲ ಅಚ್ಚಿನ ಯಂತ್ರದ ಜೊತೆ ಬಂದ ರೋಗ. ಅದನ್ನು ಜನಪದಕ್ಕೆ ಹಚ್ಚಬೇಡಿ ಅನ್ನುತ್ತಾರೆ. ನನಗೆ ಹಾಗೆ ಕಾಣುವುದಿಲ್ಲ. ನೀಲಗಾರರು, ಗೊರವರು, ಚೌಡಿಕೆಯವರು ಹಾಡು ಎತ್ತುವಾಗ ಗುರುವನ್ನು ನೆನೆಯದೆ ಎತ್ತುವುದಿಲ್ಲ. ವಚನಕಾರರಿಗೆ, ದಾಸರಿಗೆ ಅಂಕಿತ ಇತ್ತು. ಹೆಂಗಸರು ತಮ್ಮ ಹೆಸರು ಹಾಕದೆ ಅಣ್ಣನ, ಮಗನ ಹೆಸರು ಹಾಕಿದರು. ಅದು ಅವರ ಅಂಕಿತ. ಹೆಸರು ಬೇಡ ಎಂಬುದು ಹಳ್ಳಿಯ ನಿಯಮವಲ್ಲ, ಹಳ್ಳಿಯ ಮೇಲೆ ಪೇಟೆಯವರು ಹೊರಿಸಿದ ವೈರಾಗ್ಯ. ಅದೇ ಸಂಗ್ರಹದ ಮುಖಪುಟದಲ್ಲಿ ಸಂಪಾದಕರ ಹೆಸರು, ಡಿಗ್ರಿ ಸಹಿತ, ದಪ್ಪ ಅಕ್ಷರದಲ್ಲಿ ಇರುತ್ತದೆ ಎಂಬುದನ್ನೂ ಮರೆಯಬಾರದು.

ಒಂದು ಮಾತು ಮಾತ್ರ ಒಪ್ಪುತ್ತೇನೆ. ಅತ್ತೆಯನ್ನೋ ಗಂಡನನ್ನೋ ಹೀಗಳೆದು ಹಾಡಿದವಳಿಗೆ ತನ್ನ ಹೆಸರು ಅಚ್ಚಾಗುವುದು ಬೇಡವಾಗಿರಬಹುದು. ಆಗ ಅವಳ ಮಾತೇ ಕೊನೆ. ಆದರೆ ಅದನ್ನು ಅವಳನ್ನೇ ಕೇಳಬೇಕು. ಒಂದು ಉಳಿತಾಯ ಖಾತೆ ತೆರೆಯಲು ಗುರುತಿನ ಚೀಟಿ, ವಿಳಾಸದ ದಾಖಲೆ, ಫೋಟೊ, ನಾಮಿನಿ ಹೆಸರು, ಸಹಿ ಬಾರದಿದ್ದರೆ ಹೆಬ್ಬೆಟ್ಟು ಇಷ್ಟು ಕೇಳುತ್ತೇವೆ. ಎರಡು ರಾತ್ರಿ ನಿದ್ದೆಗೆಟ್ಟು ನೂರಾರು ನುಡಿ ಕೊಟ್ಟವಳಿಗೆ ‘ಅವ್ವಾ, ನಿನ್ನ ಹೆಸರು ಹಾಕಲೇನು?’ ಎಂದು ಒಂದು ಮಾತು ಕೇಳುವುದು ಭಾರವೇ?

ಇನ್ನು, ಹಾಡಿಗೆ ಇದ್ದ ಸಮಾಜದೊಳಗಿನ ಕೆಲಸವೇ ನಿಂತುಹೋದ ಮೇಲೆ ಇದೆಲ್ಲ ಯಾಕೆ ಎಂಬ ಪ್ರಶ್ನೆ. ಕರೆಂಟಿನ ಗಿರಣಿ ಬಂತು, ಬೀಸುಕಲ್ಲು ಮೂಲೆಗೆ ಸೇರಿತು. ಅದಕ್ಕಾಗಿ ನಾನು ಕಣ್ಣೀರು ಹಾಕುವುದಿಲ್ಲ. ನಸುಕಿನ ಮೂರು ಗಂಟೆಗೆ ಎದ್ದು ಜೋಳ ಬೀಸಿದ ಹೆಂಗಸರು ಯಾರೂ ಗಿರಣಿಯನ್ನು ಬೈದದ್ದು ನಾನು ಕೇಳಿಲ್ಲ. ನಮ್ಮವ್ವ ಗಿರಣಿಗೆ ಕೈ ಮುಗಿದಿದ್ದಳು. ಹಾಡು ಉಳಿಯಲಿ ಅಂತ ಆ ಕಷ್ಟ ಉಳಿಯಬೇಕಿತ್ತು ಅನ್ನುವವರು ಒಂದು ಸೇರು ಬೀಸಿ ನೋಡಲಿ. ಇಲ್ಲಿಯ ಕನ್ನಡ ಕಾರ್ಯಕ್ರಮಗಳಲ್ಲಿ ತ್ರಿಪದಿಗಳು ಈಗ ಜಾನಪದ ಗೀತೆಯಾಗಿ, ಕೀಬೋರ್ಡು ಡೋಲಕ್ಕಿನ ಜೊತೆಗೆ, ಇಳಕಲ್ ಸೀರೆ ಉಟ್ಟ ನಮ್ಮ ಹೆಣ್ಣುಮಕ್ಕಳಿಂದ ಹಾಡಿಸಿಕೊಳ್ಳುತ್ತವೆ. ನಾನು ಸಂತೋಷದಿಂದಲೇ ಕೇಳುತ್ತೇನೆ. ಮನೆಬಿಟ್ಟು ಬಂದವರಿಗೆ ಅದು ಊರಿನ ನೆನಪು ಕೊಡುವ ಹೊಸ ಕೆಲಸ ಮಾಡುತ್ತಿದೆ. ಆದರೆ ಅದು ದೂರು ಹೇಳುವ ಕೆಲಸವಲ್ಲ. ಆ ಹಳೆಯ ಕೆಲಸ ಇನ್ನೂ ನಡೆಯುತ್ತಿದ್ದರೆ ಬೇರೆ ಕಡೆ. ಪುಣೆಯ ಸುತ್ತ ಎದ್ದ ಕಟ್ಟಡಗಳಿಗೆ ಇಟ್ಟಿಗೆ ಹೊತ್ತವರಲ್ಲಿ ಕಲಬುರಗಿ, ಯಾದಗಿರಿ, ವಿಜಯಪುರದ ಹೆಣ್ಣುಮಕ್ಕಳು ಬಹಳ. ಅವರ ತಗಡಿನ ಶೆಡ್ಡುಗಳ ಕಡೆ ಸಂಜೆ ಹೋದಾಗ ಒಮ್ಮೊಮ್ಮೆ ಹಾಡು ಕೇಳಿದ್ದೇನೆ. ಅದರಲ್ಲಿ ಗುತ್ತೇದಾರನ ಮುಂಗಡದ ಮಾತೂ ಬರುತ್ತದೆ, ಊರಲ್ಲಿ ಅಜ್ಜಿಯ ಹತ್ತಿರ ಬಿಟ್ಟುಬಂದ ಕೂಸಿನ ಮಾತೂ ಬರುತ್ತದೆ. ಜಾನಪದ ಅಳಿಯಿತು ಅಂತ ನಾವು ಸಭಾಗೃಹದಲ್ಲಿ ಹೇಳುವ ಹೊತ್ತಿಗೆ ಅಲ್ಲಿ ಹೊಸ ನುಡಿ ಕಟ್ಟುತ್ತಿರುತ್ತಾರೆ. ಅದನ್ನು ಬರೆದುಕೊಳ್ಳಲು ಹೋಗುವವರು ಈ ಸಲವಾದರೂ ಹೆಸರು ಕೇಳಿಕೊಂಡು ಬರಲಿ.

ಬ್ಯಾಂಕಿನ ಒಂದು ನಿಯಮ ಹೇಳಿ ಮುಗಿಸುತ್ತೇನೆ. ಹತ್ತು ವರ್ಷ ಯಾರೂ ಮುಟ್ಟದ ಠೇವಣಿಯನ್ನು 2014ರಿಂದ ರಿಸರ್ವ್ ಬ್ಯಾಂಕಿನ ಒಂದು ನಿಧಿಗೆ ಕಳಿಸುತ್ತಾರೆ. ಹಾಗೆ ಕಳಿಸಿದರೂ ಹಣ ರಿಸರ್ವ್ ಬ್ಯಾಂಕಿನದಾಗುವುದಿಲ್ಲ. ಖಾತೆದಾರನೋ ವಾರಸುದಾರನೋ ಯಾವಾಗ ಬಂದು ಕೇಳಿದರೂ ದಾಖಲೆ ನೋಡಿ ವಾಪಸು ಕೊಡಬೇಕು. ಇಂಥ ಖಾತೆಗಳನ್ನು ಹುಡುಕಲು ಅನುಕೂಲವಾಗಲಿ ಎಂದು 2023ರಲ್ಲಿ ‘ಉದ್ಗಮ್’ ಎಂಬ ವ್ಯವಸ್ಥೆಯನ್ನೂ ಮಾಡಿದರು. ನಮ್ಮ ಜಾನಪದ ಸಂಗ್ರಹಗಳೂ ಇಂಥ ನಿಧಿಯೇ. ಅಲ್ಲಿ ಇರುವ ಸಂಪತ್ತು ಹಾಡಿದವರದು, ನಾವು ಕಾಯುವವರು. ಹಳೆಯ ಟೇಪುಗಳು, ಕ್ಷೇತ್ರಕಾರ್ಯದ ನೋಟುಬುಕ್ಕುಗಳು ಇನ್ನೂ ಯಾರ ಕಪಾಟಿನಲ್ಲಾದರೂ ಇದ್ದರೆ, ಮರುಮುದ್ರಣ ಮಾಡುವವರು ಅವನ್ನು ತೆಗೆಸಿ, ನುಡಿಗೆ ಹೆಸರು ಕೂಡಿಸುವ ಕೆಲಸ ಮಾಡಬೇಕು. ನಾಡಿನೊಳಗಿರುವ ಓದುಗರೂ ಒಂದು ಕೆಲಸ ಮಾಡಬಹುದು. ಮನೆಯಲ್ಲಿ ಹಾಡುವ ಅಜ್ಜಿ, ಅತ್ತೆ, ಚಿಗವ್ವ ಇನ್ನೂ ಇದ್ದರೆ ಮೊಬೈಲು ಹಿಡಿದು ಎದುರಿಗೆ ಕೂಡಿ. ಹಾಡು ಮುಗಿದ ಮೇಲೆ ಯಂತ್ರ ನಿಲ್ಲಿಸಬೇಡಿ. ಯಾರಿಂದ ಕಲಿತೆ, ಯಾವ ನುಡಿ ನೀನು ಕಟ್ಟಿದ್ದು, ಅದರೊಳಗೆ ಬರುವ ಹೆಸರು ಯಾರದು ಎಂದು ಕೇಳಿ. ಹಾಡು ಎಲ್ಲರದೂ ಆಗಿರಲಿ, ಹಾಡಿದವಳು ಒಬ್ಬಳೇ.